ಮರಣಜ್ಞಾನವೂ ಕಾಯಕನಿಷ್ಠೆಯೂ

ಶರಣರ ಗುಣವನ್ನು ಮರಣದಲ್ಲಿ ಕಾಣಬೇಕೆಂಬುದು ನಮ್ಮ ಹಿರಿಯರ ನಾಣ್ಣುಡಿ. ಇದನ್ನು ನಾವು ಕೊನೆಯುಸಿರಿನ ಗಳಿಗೆಗೆ ಮಾತ್ರ ಅನ್ವಯಿಸುತ್ತೇವೆ. ಆದರೆ ರೋಗವು ಗುಣವಾಗದೆಂದು ತಿಳಿದ ದಿನದಿಂದ ಆ ಗಳಿಗೆಯವರೆಗೆ ಉಳಿಯುವ ಕೆಲವು ತಿಂಗಳುಗಳನ್ನು ಮನುಷ್ಯನು ಹೇಗೆ ಬಾಳಬೇಕು? ಇದು ವಿಚಾರಾರ್ಹವಾದ ಪ್ರಶ್ನೆ.

ನಮ್ಮ ಮಾದಿಹಳ್ಳಿ ಸೀಮೆಯ ಸದ್ಭಕ್ತ ಗೃಹಸ್ಥರೊಬ್ಬರಿಗೆ ಕ್ಯಾನ್ಸರ್ ರೋಗವು ಪ್ರಾಪ್ತವಾಯಿತು. ವೈದ್ಯರು ಸತ್ಯವನ್ನು ಮಕ್ಕಳಿಗೆ ತಿಳಿಸಿದರು. ಮಕ್ಕಳು ಪ್ರೀತಿಯಿಂದಲೇ ಅದನ್ನು ತಂದೆಗೆ ಮರೆಮಾಚಿದರು. ಒಂದು ಸಂಜೆ ಆ ಹಿರಿಯರು ನನ್ನನ್ನು ಕರೆಸಿ, "ಮೇಷ್ಟ್ರೇ, ಮಕ್ಕಳು ನನ್ನೆದುರು ನಗುತ್ತಾರೆ, ಹಿತ್ತಲಿಗೆ ಹೋಗಿ ಅಳುತ್ತಾರೆ. ನನಗೆ ಎಲ್ಲವೂ ಗೊತ್ತು. ಹೊಲದ ಬದುವಿನ ಜಗಳದಿಂದ ತಮ್ಮನೊಡನೆ ಹದಿನೈದು ವರ್ಷ ಮಾತಿಲ್ಲ. ಏನೂ ಅರಿಯದವನಂತೆ ನಾನೂ ನಟಿಸುತ್ತ ಕುಳಿತರೆ ಅವನ ಮನೆಗೆ ಹೋಗುವುದು ಯಾವಾಗ?" ಎಂದರು.

ಮರುದಿನ ಅವರು ತಮ್ಮನ ಜಗಲಿಯಲ್ಲಿ ಕುಳಿತಿದ್ದರು. ವ್ಯಾಜ್ಯವು ಅಂದಿಗೆ ಮುಗಿಯಿತು. ಆಮೇಲೆ ಅವರು ಶಕ್ತಿಯಿದ್ದಷ್ಟು ದಿನ ಇಷ್ಟಲಿಂಗಪೂಜೆಯನ್ನು ಮಾಡಿದರು, ರಾಗಿಯ ಕಳೆ ತೆಗೆಸಿದರು, ಮನೆಗೆ ಬಂದ ಜಂಗಮರಿಗೆ ತಾವೇ ಎದುರುಗೊಂಡರು. ನೋವಿನ ರಾತ್ರಿಗಳಲ್ಲಿ ಅತ್ತದ್ದೂ ಉಂಟು. ಅದನ್ನು ನಾನು ಭಕ್ತಿಯ ಕೊರತೆಯೆಂದು ಎಣಿಸಲಾರೆ.

"ನಾಳೆಯೇ ಇಲ್ಲದವನಿಗೆ ಇಂದಿನ ಕೆಲಸದಿಂದೇನು ಫಲ?" ಎಂದು ಕೆಲವರು ಕೇಳಬಹುದು. ಇದಕ್ಕೆ ಆಯ್ದಕ್ಕಿ ಲಕ್ಕಮ್ಮನವರ ನಡೆಯಲ್ಲಿ ಉತ್ತರವಿದೆ. ಬಸವಣ್ಣನವರ ಮಹಾಮನೆಯ ಅಂಗಳದಲ್ಲಿ ಚೆಲ್ಲಿದ ಅಕ್ಕಿಯನ್ನು ಆಯ್ದು ತರುವುದು ಮಾರಯ್ಯನವರ ಕಾಯಕ. ಒಂದು ದಿನ ಅವರು ಎಂದಿಗಿಂತ ಹೆಚ್ಚಾಗಿ ತಂದಾಗ, ಹೆಚ್ಚಿನದನ್ನು ಅಲ್ಲಿಯೇ ಸುರಿದು ಬರುವಂತೆ ಆ ಮಹಾತಾಯಿ ಪತಿಯನ್ನು ಹಿಂದಕ್ಕೆ ಕಳುಹಿದರು. ಅಂದಿನ ಕಾಯಕ, ಅಂದಿನ ದಾಸೋಹ ಎಂಬುದೇ ಅವರ ವ್ರತ. ನಾವಾದರೋ ನಾಳೆಗಳನ್ನೇ ಕೂಡಿಡುತ್ತೇವೆ. ಕ್ಷಮೆಯನ್ನು ನಾಳೆಗೆ, ದಾನವನ್ನು ನಾಳೆಗೆ, ಒಳ್ಳೆಯ ಮಾತನ್ನು ನಾಳೆಗೆ ಇಡುತ್ತೇವೆ. ವೈದ್ಯರ ಮಾತಿನಿಂದ ಬರಿದಾಗುವುದು ಆ ಕೂಡಿಟ್ಟ ನಾಳೆಗಳ ಕಣಜವೇ ಹೊರತು ಇಂದಿನ ಹಿಡಿ ಅಕ್ಕಿಯಲ್ಲ.

ವಿಜಯಪುರದ ಜ್ಞಾನಯೋಗಾಶ್ರಮದ ಶ್ರೀ ಸಿದ್ಧೇಶ್ವರ ಸ್ವಾಮಿಗಳು ತಮ್ಮ ದೇಹವನ್ನು ಅಗ್ನಿಗರ್ಪಿಸಬೇಕು, ಸ್ಮಾರಕವನ್ನು ಕಟ್ಟಬಾರದು ಎಂದು 2014ರಲ್ಲಿಯೇ ಬರೆದಿಟ್ಟರು. ಸಾವಿನ ಲೆಕ್ಕವನ್ನು ಹೀಗೆ ಮುಗಿಸಿಟ್ಟ ಮೇಲೆಯೂ ವರ್ಷಗಳ ಕಾಲ ಪ್ರವಚನವನ್ನು ನಡೆಸಿ, 2023ರ ಜನವರಿ 2ರಂದು ಲಿಂಗೈಕ್ಯರಾದರು. ಮರಣದ ಅರಿವು ಅವರ ಕಾಯಕಕ್ಕೆ ಅಡ್ಡಿಯಾಗಲಿಲ್ಲ.

ಇಷ್ಟರಿಂದ ಚಿಕಿತ್ಸೆಯನ್ನು ತೊರೆಯಬೇಕೆಂದು ಯಾರೂ ಭಾವಿಸಬಾರದು. ದೇಹವನ್ನು ದೇಗುಲವೆಂದು ಕಂಡ ಧರ್ಮ ನಮ್ಮದು. ಅದರ ನೋವನ್ನು ಶಮನಗೊಳಿಸುವುದೂ ಸೇವೆಯೇ. ಗುಣವಾಗದ ಕ್ಯಾನ್ಸರ್ ರೋಗಿಗಳನ್ನು ಬೆಂಗಳೂರಿನ ಕರುಣಾಶ್ರಯವು 1999ರಿಂದ ಹಣ ಪಡೆಯದೆ ಶುಶ್ರೂಷೆ ಮಾಡುತ್ತಿದೆ. ನೋವು ತಗ್ಗಿದವನಿಗೆ ಮಾತನಾಡಲು, ಪೂಜಿಸಲು, ಮೊಮ್ಮಕ್ಕಳನ್ನು ಹತ್ತಿರ ಕುಳ್ಳಿರಿಸಿಕೊಳ್ಳಲು ಅವಕಾಶ ದೊರೆಯುತ್ತದೆ.

ಆದುದರಿಂದ ಸದ್ಭಕ್ತರಲ್ಲಿ ನನ್ನ ವಿಜ್ಞಾಪನೆಯಿಷ್ಟೆ: ಮನೆಯಲ್ಲಿ ಹಿರಿಯರಿಗೆ ಇಂತಹ ರೋಗ ಬಂದಾಗ, ಅವರು ಕೇಳಿದರೆ ಸತ್ಯವನ್ನು ಮೃದುವಾಗಿ ನುಡಿಯಿರಿ. ಅವರು ಮಾಡಬೇಕೆಂದಿರುವ ಕಾರ್ಯವೊಂದು ಉಳಿದಿರಬಹುದು. ಇನ್ನು ಆರೋಗ್ಯವಂತರಾದ ನಾವು, ಯಾರ ಜಗಲಿಗೆ ಹೋಗಬೇಕಾಗಿದೆಯೋ ಅಲ್ಲಿಗೆ ಈ ಸಂಜೆಯೇ ಹೋಗೋಣ. ಅದಕ್ಕೆ ವೈದ್ಯರ ಮಾತಿಗಾಗಿ ಕಾಯಬೇಕಾಗಿಲ್ಲ.