ಪಾದವೇ ಕುಂಚವಾದಾಗ ಕರ್ತೃ ಯಾರು?

ದೇಹವೆಂಬುದು ಆತ್ಮದ ಕೈಯಲ್ಲಿರುವ ಉಪಕರಣವೇ, ಅಥವಾ ಮನಸ್ಸು ಸಂಕಲ್ಪಿಸುವ ಮೊದಲೇ ತಾನಾಗಿ ಅರಿಯಬಲ್ಲ, ಮಾಡಬಲ್ಲ ಒಂದು ಸತ್ತೆಯೇ ಎಂಬ ಪ್ರಶ್ನೆ ದರ್ಶನಶಾಸ್ತ್ರಕ್ಕೆ ಬಹಳ ಹಳೆಯದು; ಜಪಾನಿನ ಚಿತ್ರಕಾರ ಕಝುವೊ ಶಿರಾಗ (1924–2008) ಅದನ್ನು ತರ್ಕದಿಂದಲ್ಲ, ತನ್ನ ಅಂಗಾಲಿನಿಂದ ಕೇಳಿದ.

ಕ್ಯೋಟೊದಲ್ಲಿ ಸಾಂಪ್ರದಾಯಿಕ ಜಪಾನೀ ಚಿತ್ರಕಲೆಯನ್ನು, ಎಂದರೆ ಕೈಯ ಶಿಸ್ತೇ ಸರ್ವಸ್ವವಾದ ಕಲೆಯನ್ನು ಕಲಿತಿದ್ದ ಶಿರಾಗ 1954ರ ಹೊತ್ತಿಗೆ ಕುಂಚವನ್ನು ಬದಿಗಿಟ್ಟು, ಕ್ಯಾನ್ವಾಸನ್ನು ನೆಲಕ್ಕೆ ಹಾಸಿ, ಅದರ ಮೇಲೆ ತೈಲವರ್ಣವನ್ನು ಗುಡ್ಡೆಯಾಗಿ ಸುರಿದು, ಮಾಡಿಗೆ ಕಟ್ಟಿದ ಹಗ್ಗಕ್ಕೆ ಜೋತುಬಿದ್ದು ಬರಿಗಾಲಿನಿಂದ ಚಿತ್ರಿಸತೊಡಗಿದ. ಸ್ವತಃ ಕಲಾವಿದೆಯಾಗಿದ್ದ ಪತ್ನಿ ಫುಜಿಕೊ ಈ ಕೆಲಸದಲ್ಲಿ ಆತನಿಗೆ ನೆರವಾಗುತ್ತಿದ್ದಳು. ಮರುವರ್ಷ ಆತ ಸೇರಿದ, ಜಿರೊ ಯೋಷಿಹಾರ ಕಟ್ಟಿದ ಬಳಗದ ಹೆಸರು ‘ಗುಟಾಯ್’. ‘ಮೂರ್ತ’ ಎಂಬರ್ಥದ ಈ ಪದದ ಎರಡು ಲಿಪಿಚಿಹ್ನೆಗಳನ್ನು ಬಿಡಿಸಿ ನೋಡಿದರೆ ಒಂದಕ್ಕೆ ಉಪಕರಣ, ಇನ್ನೊಂದಕ್ಕೆ ದೇಹ ಎಂಬ ಅರ್ಥ ಬರುತ್ತದೆ.

ಕೈ ಬಿಟ್ಟು ಕಾಲನ್ನೇ ಏಕೆ ಆರಿಸಬೇಕಿತ್ತು? ಕೈ ಕಲಿತದ್ದು; ಅದರಲ್ಲಿ ಗುರುವಿನ ಪಾಠವೂ ಅಭಿರುಚಿಯೂ ಅಭ್ಯಾಸವೂ ತುಂಬಿರುತ್ತವೆ. ಕಾಲಿಗಾದರೋ ಗೊತ್ತಿರುವುದು ಭಾರ, ಜಾರು, ಸಮತೋಲ ಇಷ್ಟೇ. ಆ ಚಿತ್ರಗಳನ್ನು ಹತ್ತಿರದಿಂದ ನೋಡಿದರೆ, ಹಿಮ್ಮಡಿ ಒತ್ತಿ ಜಾರಿದಲ್ಲಿ ಬಣ್ಣವು ಉತ್ತ ಕೆಸರುಗದ್ದೆಯ ಮಣ್ಣಿನಂತೆ ಅಂಚಿಗೆ ಸರಿದು ಬದುವಾಗಿ ನಿಂತಿರುತ್ತದೆ. ಹುಟ್ಟಿನಿಂದ ಬಂದು ಅನುಭವದಿಂದ ಹದಗೊಂಡ ಪ್ರತಿಯೊಬ್ಬನ ಸ್ವಭಾವವನ್ನು ಶಿರಾಗ ‘ಶಿಷಿತ್ಸು’ ಎಂದು ಕರೆದ. ಅದು ಹೊರಬರಲೆಂದೇ ಆತ ಕೈಯ ಜಾಣ್ಮೆಯನ್ನು ತೊರೆದದ್ದು. 1955ರ ಅಕ್ಟೋಬರಿನಲ್ಲಿ ಟೋಕಿಯೊದಲ್ಲಿ ಆತ ಅರೆಬೆತ್ತಲೆಯಾಗಿ ಗೋಡೆಗೆ ಮೆತ್ತುವ ಮಣ್ಣಿನ ರಾಶಿಯೊಡನೆ ಸೆಣಸಿ ಮೈಯೆಲ್ಲ ತರಚಿಕೊಂಡು ಎದ್ದಾಗ, ಮಣ್ಣು ಮೈಯನ್ನು ತಿದ್ದಿತೋ ಮೈ ಮಣ್ಣನ್ನು ತಿದ್ದಿತೋ ಎಂದು ಬೇರ್ಪಡಿಸಿ ಹೇಳುವುದು ಸಾಧ್ಯವಿರಲಿಲ್ಲ.

ಇದಕ್ಕೆ ತೀರ ಭಿನ್ನವಾದುದು ಫ್ರಾನ್ಸಿನ ಈವ್ ಕ್ಲೈನನ ಪ್ರಯೋಗ. 1960ರ ಮಾರ್ಚ್ 9ರಂದು ಪ್ಯಾರಿಸ್ಸಿನಲ್ಲಿ, ಒಂದೇ ಸ್ವರವನ್ನು ಎಳೆಯುವ ವಾದ್ಯವೃಂದದ ಜೊತೆ, ನೀಲಿ ಬಣ್ಣ ಬಳಿದುಕೊಂಡ ನಗ್ನ ಸ್ತ್ರೀಯರು ಕಾಗದದ ಮೇಲೆ ತಮ್ಮ ಮೈಯಚ್ಚು ಮೂಡಿಸಿದರು. ಅವರನ್ನು ‘ಜೀವಂತ ಕುಂಚ’ಗಳೆಂದ ಕ್ಲೈನ್ ಔಪಚಾರಿಕ ಉಡುಪಿನಲ್ಲಿ, ಕೈಗೆ ಬಣ್ಣ ತಾಗಿಸಿಕೊಳ್ಳದೆ ನಿರ್ದೇಶಿಸುತ್ತ ನಿಂತಿದ್ದ. ಅಲ್ಲಿ ದೇಹ ಬಳಕೆಯಾಯಿತೇ ಹೊರತು ಕರ್ತೃತ್ವ, ಎಂದರೆ ‘ಮಾಡುವವನು ನಾನು’ ಎಂಬ ಭಾವ, ಕದಲಲೇ ಇಲ್ಲ. ಪರರ ಮೈಯನ್ನು ಕುಂಚವಾಗಿಸುವುದಕ್ಕೂ ತನ್ನನ್ನೇ ಕುಂಚವಾಗಿ ಒಪ್ಪಿಸಿಕೊಳ್ಳುವುದಕ್ಕೂ ಇರುವ ಅಂತರ ಶೈಲಿಯದಲ್ಲ, ಧರ್ಮದ್ದು.

ಆದರೆ ಸಂಕಲ್ಪವನ್ನು ಬಿಟ್ಟುಕೊಟ್ಟ ಮೈ ತಾನಾಗಿ ನಿರ್ಮಲವಾಗುತ್ತದೆಯೆಂಬ ಭರವಸೆಯೇನೂ ಇಲ್ಲ. 1963ರಲ್ಲಿ ಶಿರಾಗ ಕಾಡುಹಂದಿಯ ಚರ್ಮವನ್ನೇ ಹಲಗೆಗೆ ಬಿಗಿದು ರಕ್ತದಂಥ ಕೆಂಪನ್ನು ಅದರ ಮೇಲೆ ಹರಿಸಿದ. ಒಳಗಿನಿಂದ ಹೊರಬಂದದ್ದು ಹಿಂಸೆಯೂ ಹೌದೆಂಬುದು ಆ ಕೃತಿಯ ಮುಂದೆ ನಿಂತವರಿಗೆ ತಿಳಿಯದೆ ಇರದು. 1971ರಲ್ಲಿ ಆತ ಹಿಯೆಯ್ ಪರ್ವತದ ಎನ್‌ರ್ಯಾಕು-ಜಿ ಮಠದಲ್ಲಿ ಟೆಂಡಾಯ್ ಬೌದ್ಧ ಪಂಥದ ದೀಕ್ಷೆಗೆ ಮುಂದಾದದ್ದನ್ನು ಇದರ ಬೆನ್ನಲ್ಲೇ ಓದಬೇಕು. ಬುದ್ಧತ್ವವು ದೇಹವನ್ನು ಕಳಚಿದ ಮೇಲಲ್ಲ, ಈ ದೇಹದಲ್ಲಿಯೇ ಸಿದ್ಧಿಸಬಲ್ಲದೆಂಬ ‘ಸೊಕುಷಿನ್ ಜೋಬುತ್ಸು’ ತತ್ತ್ವ ಆ ಪರಂಪರೆಯದು. ಅಲ್ಲಿ ಮುಖ್ಯವಾಗಿ ಪೂಜೆಗೊಳ್ಳುವ ಉಗ್ರದೇವತೆ ಫುಡೋ, ಸಂಸ್ಕೃತದ ಅಚಲನಾಥ, ಜ್ವಾಲೆಗಳ ನಡುವೆ ಬಂಡೆಯ ಮೇಲೆ ಕದಲದೆ ಕುಳಿತಿರುತ್ತಾನೆ. ಅವನ ಬಲಗೈಯಲ್ಲಿ ಅಜ್ಞಾನವನ್ನು ಕಡಿಯುವ ಖಡ್ಗ, ಎಡಗೈಯಲ್ಲಿ ಜೀವರನ್ನು ಕಟ್ಟಿ ತನ್ನೆಡೆಗೆ ಎಳೆದುಕೊಳ್ಳುವ ಹಗ್ಗ. ದೀಕ್ಷೆಯ ನಂತರವೂ ಶಿರಾಗ ಮಂತ್ರ ಪಠಿಸಿ, ತನ್ನ ಹಗ್ಗವನ್ನು ಹಿಡಿದು, ಹಸಿ ಬಣ್ಣದೊಳಕ್ಕೆ ಕಾಲಿಡುತ್ತಿದ್ದ.