ಸಾಯದ ಮನುಷ್ಯ ಇಪ್ಪತ್ತು ಸಲ ಸತ್ತಿದ್ದಾನೆ

ಫ್ಯಾಂಟಮ್‌ಗೆ ಸಾವಿಲ್ಲವೆಂದು ಕಾಡಿನ ಜನ ನಂಬುತ್ತಾರೆ. ಗುಟ್ಟು ಗೊತ್ತಿರುವುದು ಓದುವ ನಮಗೆ: ಈಗಿರುವವನು ಇಪ್ಪತ್ತೊಂದನೆಯವನು. ಅವನಿಗಿಂತ ಮುಂಚಿನ ಇಪ್ಪತ್ತು ಜನರೂ ತಲೆಬುರುಡೆ ಗುಹೆಯೊಳಗೆ ಸಮಾಧಿಯಾಗಿದ್ದಾರೆ. ಹಾಗಾದರೆ ಸಾಯದೆ ಉಳಿದದ್ದು ಯಾವುದು? ನನ್ನ ತಲೆಗೆ ಈ ಹುಳ ಬಿಟ್ಟದ್ದು ಯಾವ ಉಪನಿಷತ್ತೂ ಅಲ್ಲ, ಇಂದ್ರಜಾಲ ಕಾಮಿಕ್ಸ್.

ಟೈಮ್ಸ್ ಆಫ್ ಇಂಡಿಯಾದವರು 1964ರ ಮಾರ್ಚ್‌ನಲ್ಲಿ ಶುರುಮಾಡಿ 1990ರಲ್ಲಿ ನಿಲ್ಲಿಸಿದ ಈ ಸರಣಿ ಕನ್ನಡದಲ್ಲೂ ಬರುತ್ತಿತ್ತು. ಅಮರ ಚಿತ್ರಕಥೆಯನ್ನು ನೆನೆಯುವವರು ಬೇಕಾದಷ್ಟಿದ್ದಾರೆ. ಇದರ ಹೆಸರೆತ್ತುವವರು ಕಡಿಮೆ. ಕೋಲಾರ ಚಿನ್ನದ ಗಣಿ ಪ್ರದೇಶದ ನಮ್ಮೂರು ರಾಬರ್ಟ್‌ಸನ್‌ಪೇಟೆಯಲ್ಲಿ ನಮಗೆ ಮನೆಯಲ್ಲಿ ತೆಲುಗು, ಬೀದಿಯಲ್ಲಿ ತಮಿಳು, ಶಾಲೆಯಲ್ಲಿ ಕನ್ನಡ. ಬಾಡಿಗೆಗೆ ಯಾವ ಭಾಷೆಯ ಪ್ರತಿ ಸಿಕ್ಕರೂ ನಡೆಯುತ್ತಿತ್ತು. ಫ್ಯಾಂಟಮ್ ಅಮೆರಿಕದ ಲೀ ಫಾಕ್ 1936ರಲ್ಲಿ ಹುಟ್ಟಿಸಿದ ನಾಯಕ. ಇಂದ್ರಜಾಲದವರು ಅವನ ನಾಡಿಗೆ ಡೆಂಕಾಲಿ ಎಂದು ಹೆಸರಿಟ್ಟರು, ಅವನ ವೈರಿಗಳಾದ ‘ಸಿಂಗ್’ ಕಡಲ್ಗಳ್ಳರನ್ನು ‘ಸಿಂಗ’ ಮಾಡಿದರು.

ಮೊದಲನೆಯ ಫ್ಯಾಂಟಮ್ ಆಣೆ ಮಾಡುವ ಚಿತ್ರದ ಚೌಕವನ್ನು ನೋಡಿ. ಇಸವಿ 1536. ಹಡಗು ಮುಳುಗಿ ಒಬ್ಬನೇ ಬದುಕಿ ದಡ ಸೇರಿದವನು, ತಂದೆಯನ್ನು ಕೊಂದವನ ತಲೆಬುರುಡೆ ಹಿಡಿದು ಆಣೆ ಮಾಡುತ್ತಾನೆ: ಕಡಲ್ಗಳ್ಳತನ, ದುರಾಸೆ, ಕ್ರೌರ್ಯ, ಅನ್ಯಾಯಗಳ ವಿರುದ್ಧ ನಾನು ಹೋರಾಡುತ್ತೇನೆ, ನನ್ನ ಮಕ್ಕಳೂ ಹೋರಾಡುತ್ತಾರೆ. ಉಳಿದು ಬಂದದ್ದು ಆತ್ಮವಲ್ಲ, ಆ ಆಣೆ.

ಆತ್ಮವಿಲ್ಲದೆಯೂ ಏನೋ ಮುಂದುವರಿಯುತ್ತದೆ ಎಂಬ ಈ ವಿಚಾರ ನಮ್ಮೂರಿಗೆ ಹೊಸದಲ್ಲ. ತಮಿಳು ಚಿಂತಕ ಪಂಡಿತ ಅಯೋತಿದಾಸರ ಬೌದ್ಧ ಸಂಘ ಇಪ್ಪತ್ತನೇ ಶತಮಾನದ ಆರಂಭದಲ್ಲೇ ಗಣಿ ಕಾರ್ಮಿಕರ ನಡುವೆ ಬೇರೂರಿತ್ತು. ಆತ್ಮವಿಲ್ಲದೆ ಪುನರ್ಜನ್ಮ ಹೇಗೆ ಎಂಬ ಪ್ರಶ್ನೆಗೆ ಬೌದ್ಧರಲ್ಲಿ ಹಳೆಯ ಉತ್ತರವೊಂದಿದೆ. ರಾತ್ರಿಯಿಡೀ ಉರಿದ ದೀಪದಲ್ಲಿ ಮೊದಲ ಜಾವದ ಜ್ವಾಲೆಯೂ ಕೊನೆಯ ಜಾವದ್ದೂ ಒಂದೇ ಅಲ್ಲ, ಬೇರೆಯೂ ಅಲ್ಲ ಎಂದು ನಾಗಸೇನ ಭಿಕ್ಷು ಮಿಲಿಂದ ರಾಜನಿಗೆ ಹೇಳುತ್ತಾನೆ. ಇಪ್ಪತ್ತೊಂದು ಫ್ಯಾಂಟಮ್‌ಗಳ ಕತೆಯೂ ಇಷ್ಟೇ.

ಆದರೆ ನನ್ನ ತಕರಾರು ಇರುವುದೂ ಇಲ್ಲೇ. ಜ್ವಾಲೆಗೆ ಇಷ್ಟಾನಿಷ್ಟವಿಲ್ಲ, ಮಗನಿಗೆ ಇದೆ. ನಮ್ಮ ಕಡೆಯ ಚಾಂಪಿಯನ್ ರೀಫ್ ಗಣಿ ಮೂರು ಕಿಲೋಮೀಟರಿಗೂ ಹೆಚ್ಚು ಆಳ. ಅಪ್ಪ ಇಳಿದಲ್ಲಿ ಮಗ ಇಳಿಯುವುದು ನಮ್ಮ ಕಾರ್ಮಿಕರ ಲೈನ್ ಮನೆಗಳ ವಾಡಿಕೆಯಾಗಿತ್ತು. ನಮ್ಮಪ್ಪ ಮಾತ್ರ, “ಇದು ನನ್ನ ತಲೆಗೇ ಮುಗೀಲಿ, ನೀನು ಗಣಿಗಿಳಿಯೋ ಕೇಜ್ ಹತ್ತಬೇಡ” ಅಂದುಬಿಟ್ಟರು. 2001ರ ಫೆಬ್ರವರಿ 28ರಂದು ಗಣಿಯೇ ಮುಚ್ಚಿತು. ಮಗನಿಗಾಗಿ ಕೆಲಸ ಕಾದಿಟ್ಟಿದ್ದವರಿಗೆ ಕೊಡಲು ಏನೂ ಉಳಿಯಲಿಲ್ಲ. ಅಪ್ಪ ಕೊಟ್ಟದ್ದು ಬೇಡವೆನ್ನುವ ಹಕ್ಕು. ಅದನ್ನು ಯಾರಿಗೂ ಮುಚ್ಚಲಾಗಲಿಲ್ಲ.

ಹುಟ್ಟದ ಮಕ್ಕಳ ಹೆಸರಿನಲ್ಲಿ ಆಣೆಯಿಡುವುದು ಧರ್ಮವೇ? ಅಲ್ಲ ಎಂದೇ ನನ್ನ ತೀರ್ಮಾನ. ಆ ಮಕ್ಕಳು ತಾವಾಗಿ ಒಪ್ಪಿದ ದಿನವಷ್ಟೇ ಅದು ಧರ್ಮವಾಗುತ್ತದೆ. ಇಪ್ಪತ್ತೊಂದನೆಯವನು ಅಮೆರಿಕದಲ್ಲಿ ಓದುತ್ತಿದ್ದ. ಅಲ್ಲೇ ಉಳಿಯಬಹುದಿತ್ತು. ತಂದೆ ಸಾಯುವಾಗ ಕಾಡಿಗೆ ಮರಳಿ ಆಣೆ ಮಾಡಿದ. ಕಡಲ್ಗಳ್ಳರ ಜೊತೆಗಿನ ಯಾವ ಕಾಳಗಕ್ಕಿಂತಲೂ ದೊಡ್ಡ ಸಾಹಸ ಅದು. ಚಿತ್ರಕಥೆ ಅದನ್ನು ಸರಸರನೆ ದಾಟಿಬಿಡುತ್ತದೆ.

ಬೆಂಗಳೂರಿನ ಅವೆನ್ಯೂ ರಸ್ತೆಯ ಹಳೆ ಪುಸ್ತಕದ ರಾಶಿಯಲ್ಲಿ ಇಂದ್ರಜಾಲದ ಸಂಚಿಕೆ ಕಣ್ಣಿಗೆ ಬಿದ್ದರೆ ಬಿಡಬೇಡಿ. ಮಕ್ಕಳಿಗೆ ಓದಿಸಿ. ಆಣೆಯ ಆ ಚೌಕ ಬಂದಾಗ ಪುಟ ತಿರುಗಿಸದೆ, “ನೀನಾಗಿದ್ದರೆ ಒಪ್ಪುತ್ತಿದ್ದೆಯಾ?” ಎಂದು ಕೇಳಿ. ಇಲ್ಲ ಅಂದರೆ ಬೈಯಬೇಡಿ.