ಇದು ಯಾವ ನೀರಿನ ಸದ್ದು?

‘ನೀರಿನ ಸದ್ದಿಗೆ ಊರು ಕೇರಿ ಉಂಟೇ?’ ಟಿವಿ ಸಾಕ್ಷ್ಯಚಿತ್ರಗಳ ಎಡಿಟಿಂಗ್ ಕೋಣೆಯಲ್ಲಿ ಈ ಮಾತು ಸಲೀಸಾಗಿ ಬರುತ್ತದೆ. ಗೋಕಾಕ ಫಾಲ್ಸಿನ ದೃಶ್ಯಕ್ಕೆ ಯಾವುದೋ ಲೈಬ್ರರಿಯ ಜಲಪಾತದ ಸದ್ದು ಕೂಡಿಸುತ್ತಾರೆ, ಕೆಲಸ ಮುಗಿಯಿತು. ಗೋಕಾಕ ಸೀಮೆಯಲ್ಲೇ ಬೆಳೆದ ಈ ಬರಹಗಾರನಿಗೆ ಆ ಉಡಾಫೆ ಕಂಡರೆ ಸಿಟ್ಟು.

ಆದರೆ ಎದುರು ನಿಂತು ವಾದಿಸಬೇಕಾದದ್ದು ಫ್ರಾನ್ಸಿನ ಮಿಶೆಲ್ ಶಿಯೋನ್ ಜೊತೆ. ಸಿನಿಮಾದ ಸದ್ದಿನ ಬಗ್ಗೆ 1990ರಲ್ಲಿ ಅವರು ಬರೆದ ಪುಸ್ತಕ ಇಂದಿಗೂ ಪಠ್ಯ. ಪರದೆಯ ಸದ್ದು ನಿಜವೆನಿಸುವುದು ಮೂಲದ ನಕಲಾದ್ದರಿಂದಲ್ಲ, ಆ ಗಳಿಗೆಯ ಅನುಭವವನ್ನು ಕಟ್ಟಿಕೊಡುವುದರಿಂದ ಎಂಬುದು ಅವರ ನಿಲುವು. ಉಡಾಫೆಯ ಮಾತಲ್ಲ ಅದು. ಕತೆಯ ಸಿನಿಮಾದ ಮಟ್ಟಿಗೆ ಒಪ್ಪಲೇಬೇಕು.

ಆದರೆ ಮನೆಯಲ್ಲಿರುವ ಒಂದು ಕ್ಯಾಸೆಟ್ ಈ ವಾದಕ್ಕೆ ಜಗ್ಗುವುದಿಲ್ಲ. ಕುಲಗೋಡ ತಮ್ಮಣ್ಣ ಬೆಳೆಸಿದ, ಕೌಜಲಗಿ ನಿಂಗಮ್ಮ ಹೆಸರು ತಂದುಕೊಟ್ಟ ಶ್ರೀಕೃಷ್ಣ ಪಾರಿಜಾತದ ಆಟವದು. ಮೂಡಲಗಿ ಕಡೆಯ ಜಾತ್ರೆಯೊಂದರಲ್ಲಿ ಸೋದರಮಾವ ಬ್ಯಾಟರಿ ಟೇಪ್‌ರೆಕಾರ್ಡರಿನಲ್ಲಿ ಹಿಡಿದದ್ದು. ಸತ್ಯಭಾಮೆ ಪದ ಎತ್ತಿದ್ದಾಳೆ, ಅಷ್ಟರಲ್ಲಿ ಮೈಕು ಸಾಯುತ್ತದೆ. ‘ಏ, ಕರೆಂಟ್ ಹೋತು, ಗ್ಯಾಸ್‌ಬತ್ತಿ ತರ್ರಿ’ ಎಂದು ಯಾರೋ ಕೂಗುತ್ತಾರೆ. ಭಾಮೆ ನಿಲ್ಲಿಸುವುದಿಲ್ಲ. ಒಂದು ಕ್ಷಣ ತೆಳುವಾದ ದನಿ ಮರುಸಾಲಿನಲ್ಲಿ ಏರುತ್ತದೆ, ಹಾರ್ಮೋನಿಯಂನವನು ತಿದಿ ಜೋರಾಗಿ ಒತ್ತುತ್ತಾನೆ, ಗದ್ದಲ ಇಳಿಯುತ್ತದೆ. ಕಾರ್ಯಕ್ರಮವೊಂದಕ್ಕೆ ಈ ಟೇಪು ಒಯ್ದವರು ಅಷ್ಟು ಭಾಗವನ್ನು ಗಲಾಟೆಯೆಂದು ಕತ್ತರಿಸಿ ಸ್ಟುಡಿಯೋ ಹಾಡು ಹಾಕಿದರು. ಮೈಕಿಲ್ಲದ ಕಾಲದಲ್ಲಿ ಕಲಾವಿದೆ ಒಂದು ಬಯಲನ್ನು ಹೇಗೆ ಹಿಡಿದಿಡುತ್ತಿದ್ದಳೆಂಬ ಪುರಾವೆ ಹೋಯಿತು. ಕಟ್ಟಿಕೊಡುವವನು ತನಗೆ ಗೊತ್ತಿದ್ದಷ್ಟನ್ನೇ ಕಟ್ಟಿಕೊಡಬಲ್ಲ. ಸಿಕ್ಕ ಸದ್ದು ಅವನಿಗೆ ಗೊತ್ತಿಲ್ಲದ್ದನ್ನೂ ಹೇಳುತ್ತದೆ.

ಹಾಗಾದರೆ ಗೋಕಾಕದ ಚಿತ್ರಕ್ಕೆ ಗೋಕಾಕದ್ದೇ ಸದ್ದು ಹಾಕಿದರೆ ಮುಗಿಯಿತೇ?

ಇಲ್ಲಿ ಶಿಯೋನ್ ಮತ್ತೆ ಎದ್ದು ನಿಲ್ಲುತ್ತಾರೆ. 1887ರಲ್ಲಿ ಘಟಪ್ರಭೆಯ ನೀರಿನ ಬಲದಿಂದ ಇಲ್ಲಿಯ ಗಿರಣಿ ತಿರುಗತೊಡಗಿತು. ಆ ಕಾಲದ ಫೋಟೋ ತೋರಿಸುತ್ತ ಇಂದಿನ ಜುಲೈಯಲ್ಲಿ ಮುದ್ರಿಸಿದ ಭೋರ್ಗರೆತ ಹಾಕಿದರೆ ಜಾಗ ಸರಿ, ಕಾಲ ಸುಳ್ಳು. ನಡುವೆ ಹುಕ್ಕೇರಿ ತಾಲ್ಲೂಕಿನ ಹಿಡಕಲ್ ಅಣೆಕಟ್ಟು ಬಂದಿದೆ. 52 ಮೀಟರ್ ಎತ್ತರದಿಂದ ಧುಮುಕುವ ನೀರು ಎಷ್ಟೆಂಬುದು ಈಗ ಮಳೆಯ ಜೊತೆಗೆ ಅದರ ಗೇಟುಗಳನ್ನೂ ನಂಬಿದೆ. ಸದ್ದು ಎಲ್ಲಿಯದು, ಯಾವಾಗಿನದು ಎಂದು ಪರದೆಯ ಮೂಲೆಯಲ್ಲಿ ಬರೆಯಬಹುದು, ಬರೆಯಲೇಬೇಕು. ಆದರೂ ಕಣ್ಣು ಓದುವ ಮೊದಲೇ ಕಿವಿ ನಂಬಿಬಿಟ್ಟಿರುತ್ತದೆ.

1924ರ ಡಿಸೆಂಬರಿನಲ್ಲಿ ಗಾಂಧೀಜಿ ಅಧ್ಯಕ್ಷರಾಗಿದ್ದ ಬೆಳಗಾವಿ ಕಾಂಗ್ರೆಸ್ಸಿನದು ಇನ್ನೂ ತೊಡಕಿನ ಪ್ರಶ್ನೆ. ಅಂಥ ಹಳೆಯ ಫೋಟೋಗಳಡಿ ಜೈಕಾರ ಕೂಡಿಸುವುದು ರೂಢಿ. ಮೈಕಿನಿಂದ ಮುದ್ರಿಸುವ ಪದ್ಧತಿ ಗ್ರಾಮೋಫೋನ್ ಕಂಪನಿಗಳಲ್ಲಿ ಬಳಕೆಗೆ ಬಂದದ್ದೇ 1925ರಲ್ಲಿ; ಅದಕ್ಕೂ ಹಿಂದಿನ ಮುದ್ರಣದ ತುತ್ತೂರಿಯೊಳಗೆ ಅಂಥ ಜನಸಂದಣಿಯ ಕೂಗು ಹಿಡಿಯುವಂತಿರಲಿಲ್ಲ. ಆದ್ದರಿಂದ ಆ ಜೈಕಾರ ಎಲ್ಲಿಯದೋ. ಅಳಿಸೋಣವೆಂದರೆ, ಅಷ್ಟು ಜನ ನೆರೆದ ಅಧಿವೇಶನವನ್ನು ಮೂಕವಾಗಿ ತೋರಿಸುವುದೂ ಸುಳ್ಳೇ. ಪಾರಿಜಾತದ ಟೇಪಿನ ಪರ ಹೂಡಿದ ವಾದ ಇಲ್ಲಿಗೆ ಒದಗುವುದಿಲ್ಲ, ಏಕೆಂದರೆ ಇಲ್ಲಿ ಸಿಕ್ಕ ಸದ್ದೇ ಇಲ್ಲ. ಶಿಯೋನ್ ಅವರನ್ನು ಅಲ್ಲಗಳೆಯಲು ಬೇರೆ ಕಾರಣ ಬೇಕು. ಈ ಬರಹಗಾರನಿಗೆ ಅದಿನ್ನೂ ಸಿಕ್ಕಿಲ್ಲ.